ಕನ್ನಡಕ ಜಾರುತ್ತಿರುವ ಆ ಮನುಷ್ಯನ ಹೆಸರೇನು?

ನಿನ್ನೆ ರಾತ್ರಿ ಊಟ ಮುಗಿಸಿ ಫೋನ್ ಕೈಗೆತ್ತಿಕೊಂಡಿದ್ದೇ ತಪ್ಪಾಯಿತು. ನಮ್ಮ ಇಂಜಿನಿಯರಿಂಗ್ ಬ್ಯಾಚಿನ ವಾಟ್ಸಾಪ್ ಗ್ರೂಪಿನಲ್ಲಿ ಒಬ್ಬ ಮಹಾಶಯ ಒಂದು ರೀಲ್ ಹಾಕಿದ್ದ. ಜಪಾನಿನ ಹಳೇ ಕಪ್ಪು ಬಿಳುಪು ದೃಶ್ಯ. ವೇದಿಕೆ ಮೇಲೆ ಕನ್ನಡಕ ಹಾಕಿದ ದಪ್ಪನೆಯ ಮನುಷ್ಯರೊಬ್ಬರು ಭಾಷಣ ಮಾಡುತ್ತಿದ್ದಾರೆ. ಸ್ಟೂಡೆಂಟ್ ಯೂನಿಫಾರ್ಮಿನ ಹುಡುಗನೊಬ್ಬ ಓಡಿ ಬಂದು ಅವರಿಗೆ ಕತ್ತಿ ಚುಚ್ಚುತ್ತಾನೆ. ಹಿಂದೆ ಢಂ ಢಂ ಅಂತ ಮ್ಯೂಸಿಕ್. ಮೇಲೆ ದೊಡ್ಡ ಅಕ್ಷರದಲ್ಲಿ "ವಯಸ್ಸು 17. ದೇಶಕ್ಕಾಗಿ." ಕೆಳಗೆ ಮೂರು ಬೆಂಕಿ ಇಮೋಜಿ.

ಹನ್ನೊಂದು ಜನ ಹೆಬ್ಬೆರಳು ಎತ್ತಿದ್ದರು. ಎಲ್ಲರಿಗೂ ಐವತ್ತು ದಾಟಿದೆ. ಮನೆಯಲ್ಲಿ ಜಿರಲೆ ಹೊಡೆಯೋಕೂ ಹೆಂಡತಿಯನ್ನು ಕರೆಯುವ ಗಂಡಸರು. ಅದರಲ್ಲೊಬ್ಬ ಬರೆದಿದ್ದ: "ದಾರಿ ತಪ್ಪಿರಬಹುದು. ಆದರೆ ಹುಡುಗನ ಮನಸ್ಸು ಶುದ್ಧ ಅಲ್ವಾ?"

ನನ್ನ ತಲೆ ಕೆಟ್ಟಿದ್ದು ರೀಲಿಗಲ್ಲ, ಈ ಮಾತಿಗೆ.

ನಾನು ಟೋಕಿಯೋದಲ್ಲಿ ಆರು ವರ್ಷ ಇದ್ದದ್ದು ನಿಮಗೆ ಗೊತ್ತು. ಆ ಕಾಲದಲ್ಲಿ ನಾನು ಹಾಕುತ್ತಿದ್ದ ಚೆರ್ರಿ ಹೂವಿನ ಫೋಟೋಗಳನ್ನು ಸಹಿಸಿಕೊಂಡವರೂ ನೀವೇ. ಅಲ್ಲಿದ್ದಾಗ ಭಾಷೆ ಅರ್ಧಂಬರ್ಧ ಕಲಿತೆ, ಆ ದೇಶದ ಹಳೇ ಕಥೆಗಳ ಹುಚ್ಚು ಪೂರ್ತಿ ಹಿಡಿಸಿಕೊಂಡೆ. ಅದಕ್ಕೇ ಗ್ರೂಪಿನಲ್ಲಿ "ಜಪಾನಿನಂಥ ಶಾಂತ ದೇಶದಲ್ಲಿ ಇಂಥದ್ದಾ?" ಅಂತ ಯಾರೋ ಬಾಯಿ ಬಿಟ್ಟಾಗ ನಗು ಬಂತು. ಶಾಂತವಂತೆ! 1909ರಿಂದ 1936ರ ಒಳಗೆ, ಬರೀ 27 ವರ್ಷದಲ್ಲಿ, ಪ್ರಧಾನಿಯಾಗಿದ್ದ ಅಥವಾ ಹಿಂದೆ ಆಗಿದ್ದ ಆರು ಜನ ಹಂತಕರ ಕೈಯಲ್ಲಿ ಸತ್ತಿದ್ದಾರೆ. ಇತೋ, ಹಾರಾ, ಹಮಾಗುಚಿ, ಇನುಕಾಯಿ, ತಾಕಾಹಾಶಿ, ಸೈತೋ. ಏಳನೆಯವರು 86 ವರ್ಷದ ನಂತರ ನಾರಾ ಊರಿನಲ್ಲಿ ಗುಂಡಿಗೆ ಬಿದ್ದ ಶಿಂಜೋ ಅಬೆ.

ಈ ಬರಹದಲ್ಲಿ ಕೊಂದವರ ಹೆಸರು ಹಾಕುವುದಿಲ್ಲ. ಹಟ ಅಂದುಕೊಳ್ಳಿ.

ಟೋಕಿಯೋ ಸ್ಟೇಷನ್ನಿನ ಮಾರುನೋಉಚಿ ದಕ್ಷಿಣ ದ್ವಾರದ ಹತ್ತಿರ ನೆಲದಲ್ಲಿ ಒಂದು ಸಣ್ಣ ಗುರುತಿದೆ. ಗೋಡೆಯ ಮೇಲೆ ಒಂದು ಫಲಕ. 1921ರ ನವೆಂಬರ್ 4ರ ಸಂಜೆ ಪ್ರಧಾನಿ ಹಾರಾ ತಕಾಶಿ ಪಕ್ಷದ ಸಭೆಗೆಂದು ಕ್ಯೋಟೋಗೆ ಹೊರಟಿದ್ದರು. 18 ವರ್ಷದ ರೈಲ್ವೆ ನೌಕರನೊಬ್ಬ ಅಲ್ಲೇ ಚುಚ್ಚಿ ಕೊಂದ. ಹಾರಾ ಅಂದರೆ ಸಣ್ಣ ಮನುಷ್ಯರಲ್ಲ. ಸರದಾರ ಪದವಿ ಬೇಡ ಅಂದವರು, ಸಾಮಾನ್ಯ ಪ್ರಜೆಯಾಗಿಯೇ ಉಳಿದು ಪ್ರಧಾನಿಯಾದವರಲ್ಲಿ ಮೊದಲಿಗರು. ಕೊಂದವನಿಗೆ ಜೀವಾವಧಿ ಶಿಕ್ಷೆ ಆಯಿತು. 1934ರಲ್ಲಿ ಹೊರಗೆ ಬಂದ. ಅದೇ ಸ್ಟೇಷನ್ನಿನಲ್ಲಿ 1930ರಲ್ಲಿ ಪ್ರಧಾನಿ ಹಮಾಗುಚಿ ಒಸಾಚಿಗೆ ಗುಂಡು ಬಿತ್ತು. ಲಂಡನ್ ಒಪ್ಪಂದದಲ್ಲಿ ನೌಕಾಪಡೆಯ ಹಡಗು ಕಡಿಮೆ ಮಾಡಲು ಒಪ್ಪಿದ್ದೇ ತಪ್ಪಾಗಿತ್ತು. ತಕ್ಷಣ ಸಾಯಲಿಲ್ಲ, ಗಾಯದಿಂದ ತಿಂಗಳುಗಟ್ಟಲೆ ನರಳಿ ಮುಂದಿನ ಆಗಸ್ಟಿನಲ್ಲಿ ಹೋದರು. ಅವರಿಗೆ ಗುಂಡು ಹಾರಿಸಿದವನಿಗೆ ಮೊದಲು ಗಲ್ಲು, ಆಮೇಲೆ ಅದು ಇಳಿದು ಜೀವಾವಧಿ, 1940ರಲ್ಲಿ ಬಿಡುಗಡೆ. ಮನಸ್ಸು ಶುದ್ಧ ನೋಡಿ, ಪಾಪ.

ನಾನು ಎರಡು ವರ್ಷ ದಿನಾ ಆ ಗುರುತಿನ ಪಕ್ಕವೇ ಓಡಾಡಿದ್ದೆ. ಕಣ್ಣಿಗೆ ಬಿದ್ದಿರಲಿಲ್ಲ. ಒಂದು ದಿನ ಸೂಟ್‌ಕೇಸಿನ ಚಕ್ರ ಕಚ್ಚಿಕೊಂಡಿತು ಅಂತ ಬಗ್ಗಿದಾಗ ನೋಡಿದೆ.

ಈ "ಶುದ್ಧ ಮನಸ್ಸು" ಅನ್ನುವ ಕಾಯಿಲೆ ಅಲ್ಲಿ ಹಳೆಯದು. 1860ರ ಮಾರ್ಚ್, ಎದೋ (ಅಂದರೆ ಈಗಿನ ಟೋಕಿಯೋ) ಕೋಟೆಯ "ಸಕುರಾದಾ" ಅನ್ನುವ ಬಾಗಿಲು. ಚಕ್ರವರ್ತಿಯ ಹೆಸರಿನಲ್ಲಿ ದೇಶ ಆಳುತ್ತಿದ್ದ ಸೇನಾಧಿಪತಿ, ಅಂದರೆ ಶೋಗನ್, ಅವನ ಸರ್ಕಾರದ ಅತಿ ದೊಡ್ಡ ಮಂತ್ರಿ ಈಯಿ ನಾವೊಸುಕೆ ಪಲ್ಲಕ್ಕಿಯಲ್ಲಿ ಬರುತ್ತಿದ್ದರು. ಹಿಮ ಸುರಿಯುತ್ತಿತ್ತು. ಕಾವಲಿನವರು ಕತ್ತಿಯ ಹಿಡಿ ಒದ್ದೆಯಾಗಬಾರದು ಅಂತ ಚೀಲ ಹಾಕಿ ಕಟ್ಟಿದ್ದರು. ಅದನ್ನು ಬಿಚ್ಚುವಷ್ಟರಲ್ಲಿ 18 ಜನ ಮೇಲೆ ಬಿದ್ದು ಮಂತ್ರಿಯ ತಲೆ ಕಡಿದರು. ಅಮೆರಿಕದ ಜೊತೆ ಒಪ್ಪಂದಕ್ಕೆ ಸಹಿ ಹಾಕಿಸಿದ್ದು, ಎದುರಾಡಿದವರನ್ನು ಜೈಲಿಗೆ ಹಾಕಿಸಿ ತಲೆ ತೆಗೆಸಿದ್ದು ಅವರ ಮೇಲಿದ್ದ ದೂರು. ಇಂಥ ಕೊಲೆಗೆ ಆ ಕಾಲದವರು ಕೊಟ್ಟ ಹೆಸರು "ತೆಂಚೂ", ಅಂದರೆ ದೈವದ ಶಿಕ್ಷೆ. ಕೊಂದವನು ಕೊಲೆಗಾರನಲ್ಲ, ದೇವರ ಪೋಸ್ಟ್‌ಮ್ಯಾನ್!

ಇದರ ಒಳಗೆ ಒಂದು ತರ್ಕ ಇತ್ತು. ಚಕ್ರವರ್ತಿ ದೇವರು, ಅವನು ತಪ್ಪು ಮಾಡುವುದಿಲ್ಲ. ಆದರೂ ದೇಶ ಹಾಳಾಗುತ್ತಿದೆ. ಹಾಗಾದರೆ ಪಕ್ಕದಲ್ಲಿ ನಿಂತ ಮಂತ್ರಿಗಳೇ ಕಳ್ಳರು. ಅವರನ್ನು ಕಿತ್ತು ಹಾಕಿದರೆ ಎಲ್ಲ ಸರಿಹೋಗುತ್ತದೆ. ಇಷ್ಟು ಸುಲಭ. 1932ರಲ್ಲಿ ಒಬ್ಬ ಧರ್ಮಬೋಧಕ "ಒಬ್ಬೊಬ್ಬ ಒಬ್ಬೊಬ್ಬರನ್ನು ಕೊಲ್ಲಲಿ" ಅಂತ ಹುಡುಗರಿಗೆ ಹಂಚಿಕೆ ಹಾಕಿಕೊಟ್ಟ. ಹಿಂದಿನ ಹಣಕಾಸು ಮಂತ್ರಿ ಇನೋಉಎ ಜುನ್ನೊಸುಕೆ ಫೆಬ್ರವರಿಯಲ್ಲಿ ಹೋದರು, ಮಿತ್ಸುಯಿ ಕಂಪನಿಯ ಮುಖ್ಯಸ್ಥ ದಾನ್ ತಕುಮಾ ಮಾರ್ಚಿನಲ್ಲಿ.

ಮೇ 15ಕ್ಕೆ ಪ್ರಧಾನಿಯ ಸರದಿ. ಇನುಕಾಯಿ ತ್ಸುಯೋಶಿಗೆ ಆಗ 76. ಭಾನುವಾರ ಸಂಜೆ ನೌಕಾಪಡೆಯ ಯುವ ಅಧಿಕಾರಿಗಳು, ಸೇನೆಯ ಕೆಡೆಟ್‌ಗಳು ಪಿಸ್ತೂಲು ಹಿಡಿದು ಮನೆಗೆ ನುಗ್ಗಿದರು. ಮುದುಕ ಓಡಲಿಲ್ಲ. ಬನ್ನಿ, ಕೂತು ಮಾತಾಡೋಣ ಅಂದರು. ಬೂಟಾದರೂ ಬಿಚ್ಚಿ ಎಂದರಂತೆ! ನನಗೆ ಈ ಬೂಟಿನ ಮಾತು ಪ್ರತಿ ಸಲವೂ ಗಂಟಲಿಗೆ ಸಿಕ್ಕಿಕೊಳ್ಳುತ್ತದೆ. ಎದುರಿಗೆ ಸಾವು ನಿಂತಿದೆ, ಅಜ್ಜನಿಗೆ ಚಾಪೆ ಕೊಳೆಯಾಗುವ ಚಿಂತೆ. "ಮಾತಾಡಿದರೆ ಅರ್ಥವಾಗುತ್ತದೆ" ಅಂದರು. "ಮಾತು ಬೇಡ, ಹೊಡಿ" ಅಂತ ಉತ್ತರ ಬಂತು. ಆ ರಾತ್ರಿಯೇ ತೀರಿಕೊಂಡರು. ಅಂದಹಾಗೆ, ಚಾರ್ಲಿ ಚಾಪ್ಲಿನ್ ಆಗ ಜಪಾನಿಗೆ ಬಂದಿದ್ದ. ಅವನನ್ನೂ ಮುಗಿಸುವ ಯೋಚನೆ ಆ ಗುಂಪಿಗಿತ್ತು. ಅವನು ಆ ಹೊತ್ತಿಗೆ ಪ್ರಧಾನಿಯ ಮಗನ ಜೊತೆ ಸೂಮೋ ಕುಸ್ತಿ ನೋಡುತ್ತಿದ್ದ, ಬದುಕಿದ.

ನಿಜವಾಗಿ ಭಯ ಹುಟ್ಟಿಸಿದ್ದು ಆಮೇಲೆ ನಡೆದದ್ದು. ಕೋರ್ಟಿನಲ್ಲಿ ಆ ಹುಡುಗರು ದೇಶಪ್ರೇಮದ ಭಾಷಣ ಬಿಗಿದರು. ಪತ್ರಿಕೆಗಳು ಅತ್ತವು. ಊರೂರಿಂದ ಲಕ್ಷಗಟ್ಟಲೆ ಸಹಿ ಬಂತು: ಇವರನ್ನು ಬಿಡಿ, ಇವರ ಮನಸ್ಸು ಶುದ್ಧ. ನೀಗಾತಾ ಕಡೆಯ ಒಂಬತ್ತು ಯುವಕರು ಇವರ ಬದಲಿಗೆ ನಾವು ಸಾಯುತ್ತೇವೆ ಅಂತ ಬರೆದು, ಒಬ್ಬೊಬ್ಬರ ಒಂದೊಂದು ಬೆರಳು ಕತ್ತರಿಸಿ ಜಾಡಿಯಲ್ಲಿ ಹಾಕಿ ಕಳಿಸಿದರು. ಉಪ್ಪಿನಕಾಯಿ ಥರ. ಕೊನೆಗೆ ಯಾರಿಗೂ ಗಲ್ಲಾಗಲಿಲ್ಲ. ಮುಂದೆ ನಿಂತ ನೌಕಾ ಅಧಿಕಾರಿಗಳಿಗೆ 15 ವರ್ಷ, ಅದನ್ನೂ ಪೂರ್ತಿ ಅನುಭವಿಸಲಿಲ್ಲ. ಕೆಡೆಟ್‌ಗಳಿಗೆ ನಾಲ್ಕೇ ವರ್ಷ.

ಒಬ್ಬ ಪ್ರಧಾನಿಯನ್ನು ಅವನ ಮನೆಯಲ್ಲೇ ಕೊಂದರೆ ಇಷ್ಟೇ ಶಿಕ್ಷೆ ಅಂತ ಗೊತ್ತಾದ ಮೇಲೆ ಇನ್ನೇನಾಗುತ್ತದೆ? ನಾಲ್ಕೇ ವರ್ಷಕ್ಕೆ, 1936ರ ಫೆಬ್ರವರಿ 26ರ ಬೆಳಗಿನ ಜಾವ, ಮತ್ತೆ ಹಿಮದಲ್ಲಿ, ಸುಮಾರು 1,400 ಸೈನಿಕರು ದಂಗೆಯೆದ್ದು ಬೀದಿಗೆ ಬಂದರು. ಪ್ರಧಾನಿ ಒಕಾದಾ ಕೈಸುಕೆ ಅಂದುಕೊಂಡು ಅವರ ತಂಗಿಯ ಗಂಡನನ್ನು ಕೊಂದರು. ಒಕಾದಾ ಕೆಲಸದ ಹೆಂಗಸರ ಕೋಣೆಯ ಕಪಾಟಿನಲ್ಲಿ ಅಡಗಿದ್ದು, ಮಾರನೇ ದಿನ ಸಾವಿಗೆ ಬಂದವರ ಗುಂಪಿನಲ್ಲಿ ಸೇರಿಕೊಂಡು ಪಾರಾದರು. ಇದನ್ನು ನಾನು ಎಷ್ಟೋ ಪಾರ್ಟಿಗಳಲ್ಲಿ ತಮಾಷೆಯಾಗಿ ಹೇಳಿದ್ದೇನೆ. ಕಪಾಟಿನ ಪ್ರಧಾನಿ ಅಂತ. ಆ ಸತ್ತ ಮನುಷ್ಯ, ಮತ್ಸುಒ ದೆಂಜೋ, ನನ್ನ ಜೋಕಿನಲ್ಲಿ ಯಾವತ್ತೂ ಬಂದಿರಲಿಲ್ಲ. ಈಗ ಬರೆಯುವಾಗ ನಾಚಿಕೆಯಾಗುತ್ತಿದೆ.

ಅದೇ ಬೆಳಗ್ಗೆ ಹಣಕಾಸು ಮಂತ್ರಿ ತಾಕಾಹಾಶಿ ಕೊರೆಕಿಯೋ ಅವರನ್ನು ಹಾಸಿಗೆಯಲ್ಲೇ ಗುಂಡಿಟ್ಟು, ಕತ್ತಿಯಿಂದ ಕಡಿದರು. 81 ವರ್ಷ. ದುಂಡು ಮುಖಕ್ಕೆ ಜನ ಪ್ರೀತಿಯಿಂದ "ದಾರುಮಾ" ಗೊಂಬೆ ಅನ್ನುತ್ತಿದ್ದರು. ಹುಡುಗನಾಗಿದ್ದಾಗ ಅಮೆರಿಕಕ್ಕೆ ಓದಲು ಹೋಗಿ, ಓದದೇ ಸಹಿ ಹಾಕಿದ ಕಾಗದದಿಂದ ಜೀತಕ್ಕೆ ಸಿಕ್ಕಿಬಿದ್ದಿದ್ದ ಮನುಷ್ಯ. ಆಮೇಲೆ ಪ್ರಧಾನಿಯೂ ಆದರು. ಅವರ ಮನೆಯನ್ನು ಬಿಚ್ಚಿ ತಂದು ಕೊಗಾನೇಯ ಬಯಲು ಮ್ಯೂಸಿಯಮ್ಮಿನಲ್ಲಿ ಮತ್ತೆ ಕಟ್ಟಿದ್ದಾರೆ. ನಾನು ಹೋಗಿದ್ದೆ. ಮರದ ಮೆಟ್ಟಿಲು ಹತ್ತಿದರೆ ಮೇಲೆ ಅವರು ಮಲಗುತ್ತಿದ್ದ ಕೋಣೆ. ಚಾಪೆ, ಗಾಜಿನ ಬಾಗಿಲು, ಹೊರಗೆ ತೋಟ. ಅಷ್ಟೇ. ತುಂಬಾ ಹೊತ್ತು ನಿಂತಿದ್ದೆ. ಪಕ್ಕದಲ್ಲಿ ಒಂದು ಮಗು ಐಸ್ ಕ್ರೀಮಿಗೆ ಹಟ ಮಾಡುತ್ತಿತ್ತು.

ಈಗ ನಮ್ಮ ಶುದ್ಧ ಮನಸ್ಸಿನವರು ಹೇಳುತ್ತಾರೆ: ಆ ಸೈನಿಕರು ಬಡ ರೈತರ ಮಕ್ಕಳು, ಉತ್ತರದ ಹಳ್ಳಿಗಳಲ್ಲಿ ಹೆಣ್ಣುಮಕ್ಕಳನ್ನು ಮಾರುವಷ್ಟು ಹಸಿವಿತ್ತು, ರೇಷ್ಮೆ ಬೆಲೆ ನೆಲಕಚ್ಚಿತ್ತು, ಸಿಟ್ಟು ಬರುವುದಿಲ್ಲವಾ? ಬರುತ್ತದೆ. ಹಸಿವು ನಿಜ. ಆದರೆ ಸ್ವಾಮಿ, 1931ರ ಕೊನೆಯಲ್ಲಿ ಯೆನ್ನನ್ನು ಚಿನ್ನಕ್ಕೆ ಕಟ್ಟಿದ್ದ ಗಂಟು ಬಿಡಿಸಿ, ಸರ್ಕಾರದ ಖರ್ಚು ಹೆಚ್ಚಿಸಿ, ಆ ಬಡತನದಿಂದ ದೇಶವನ್ನು ಎತ್ತಿದವರೇ ತಾಕಾಹಾಶಿ! ಅದಾದ ಮೇಲೆ, ಇನ್ನು ಸಾಕು, ಸೇನೆಗೆ ಹೀಗೆ ದುಡ್ಡು ಸುರಿಯೋಕಾಗಲ್ಲ ಅಂದರು. ಆ ಮಾತಿಗೆ ಸತ್ತರು. ಹಸಿದವರ ಹೆಸರಿನಲ್ಲಿ, ಹಸಿವು ಕಡಿಮೆ ಮಾಡಿದವನನ್ನೇ ಕಡಿದರು. ಮುಂದೆ ಸೇನೆಗೆ ಬೇಡ ಅನ್ನುವ ಧೈರ್ಯ ಮಂತ್ರಿಗಳಲ್ಲಿ ಉಳಿಯಲಿಲ್ಲ. ಹಿರೋಷಿಮಾವರೆಗೆ ಆ ದಾರಿ ಎಲ್ಲೆಲ್ಲಿ ಹೋಯಿತು ಅಂತ ಗೊತ್ತೇ ಇದೆ.

ಅಬೆ ವಿಷಯ ಎತ್ತದಿದ್ದರೆ ನೀವು ಬಿಡುವುದಿಲ್ಲ. ಎತ್ತುತ್ತೇನೆ. 2022ರ ಜುಲೈ 8. ಮನೆಯಲ್ಲೇ ಮಾಡಿದ ಬಂದೂಕು. ಕೊಂದವನ ತಾಯಿ ಒಂದು ಚರ್ಚಿಗೆ ಸುಮಾರು 10 ಕೋಟಿ ಯೆನ್ ಕೊಟ್ಟು ಸಂಸಾರ ಮುಳುಗಿಸಿದ್ದರು. ಕೊರಿಯಾ ಮೂಲದ ಯೂನಿಫಿಕೇಶನ್ ಚರ್ಚ್ ಅನ್ನುವ ಪಂಥ. ಅದರ ಬಳಗದ ಒಂದು ಸಭೆಗೆ ಅಬೆ ವಿಡಿಯೋ ಸಂದೇಶ ಕಳಿಸಿದ್ದರು. ಕೊಲೆಯಾದ ಮೇಲೆ ಎಲ್ಲ ಹೊರಗೆ ಬಂತು. ಆ ವರ್ಷವೇ ದೇಣಿಗೆ ಬಗ್ಗೆ ಹೊಸ ಕಾನೂನು, 2025ರ ಮಾರ್ಚಿನಲ್ಲಿ ಚರ್ಚನ್ನು ವಿಸರ್ಜಿಸಲು ಕೋರ್ಟ್ ಆದೇಶ. ನಮ್ಮ ಶುದ್ಧ ಮನಸ್ಸಿನವರು ಕೇಳುತ್ತಾರೆ: "ನೋಡಿ, ಗುಂಡು ಕೆಲಸ ಮಾಡಿತು ತಾನೇ?"

ಒಪ್ಪಿಕೊಳ್ಳುತ್ತೇನೆ, ಆ ತಾಯಿಯ ಕಥೆ ಓದಿದ ದಿನ ನಾನೂ "ಪಾಪ" ಅಂದಿದ್ದೆ. ಜೋರಾಗಿಯೇ ಅಂದಿದ್ದೆ. ಆದರೆ 1987ರಿಂದ ಅಲ್ಲಿನ ವಕೀಲರ ಬಳಗವೊಂದು ಈ ಚರ್ಚಿನ ವಿರುದ್ಧ ಕೇಸಿನ ಮೇಲೆ ಕೇಸು ಹಾಕುತ್ತಲೇ ಇತ್ತು. 35 ವರ್ಷ. ಯಾರೂ ಕಿವಿ ಕೊಡಲಿಲ್ಲ. ಆ ನಾಚಿಕೆ ಕಿವಿ ಕೊಡದವರದ್ದು. ಅದಕ್ಕೆ ಬಂದೂಕಿಗೆ ಯಾಕೆ ಹಾರ ಹಾಕುತ್ತೀರಿ? ಒಂದು ವರ್ಷವೂ ತುಂಬಿರಲಿಲ್ಲ, ವಾಕಾಯಾಮಾದ ಮೀನುಗಾರಿಕೆ ಬಂದರಿನಲ್ಲಿ ಪ್ರಧಾನಿ ಕಿಶಿದಾ ಕಡೆಗೆ 24 ವರ್ಷದವನೊಬ್ಬ ಪೈಪ್ ಬಾಂಬ್ ಎಸೆದ. ಪಾಠ ಕಲಿತದ್ದು ಯಾರು ಅಂತ ಕಾಣಿಸಿತಲ್ಲ.

ಒಂದು ಕಡೆ ಮಾತ್ರ ನನ್ನ ಹಟ ನಿಲ್ಲುವುದಿಲ್ಲ. ಇತೋ ಹಿರೋಬುಮಿ, ಜಪಾನಿನ ಮೊದಲ ಪ್ರಧಾನಿ, 1909ರಲ್ಲಿ ಚೀನಾದ ಹಾರ್ಬಿನ್ ಸ್ಟೇಷನ್ನಿನಲ್ಲಿ ಸತ್ತರು. ಕೊಂದವನು ಆನ್ ಜುಂಗ್ ಗ್ಯೂನ್, ಕೊರಿಯಾದವನು. ನೋಡಿ, ಹೆಸರು ಹಾಕಿಯೇ ಬಿಟ್ಟೆ. ನನ್ನ ಆಫೀಸಿನಲ್ಲಿದ್ದ ಕೊರಿಯಾದ ಹೆಂಗಸಿನ ಎದುರು ಅವನನ್ನು ಹಂತಕ ಅಂದೆ. ಆಕೆ ಎರಡು ದಿನ ಮಾತು ಬಿಟ್ಟಳು. ಅವರ ದೇಶ ನುಂಗಿದವರ ವಿರುದ್ಧ ನಿಂತವನು ಅವನು. ದೆಹಲಿಯಲ್ಲಿ ವೈಸರಾಯ್ ಹಾರ್ಡಿಂಜ್ ಮೇಲೆ ಬಾಂಬ್ ಹಾಕಿಸಿ ಜಪಾನಿಗೆ ಓಡಿದ ರಾಸ್ ಬಿಹಾರಿ ಬೋಸರ ಫೋಟೋಗೆ ನಾನೇ ಕೈ ಮುಗಿದಿದ್ದೇನೆ. ಬೋಸರನ್ನು ಟೋಕಿಯೋದಲ್ಲಿ ಬಚ್ಚಿಟ್ಟು ಕಾಪಾಡಿದ ತೋಯಾಮಾ ಮಿತ್ಸುರು ಯಾರು? ಗೆನ್ಯೋಶಾ ಅನ್ನುವ ಉಗ್ರ ರಾಷ್ಟ್ರವಾದಿ ಸಂಘದ ದೊಡ್ಡಣ್ಣ. ಅದೇ ಸಂಘದವನೊಬ್ಬ 1889ರಲ್ಲಿ ವಿದೇಶಾಂಗ ಮಂತ್ರಿ ಒಕುಮಾ ಶಿಗೆನೊಬು ಮೇಲೆ ಬಾಂಬ್ ಎಸೆದು ಅವರ ಒಂದು ಕಾಲು ತೆಗೆದಿದ್ದ. ಇದನ್ನೆಲ್ಲ ಒಂದೇ ಗೆರೆಗೆ ತರಲು ನನ್ನಿಂದಾಗಲ್ಲ. ಆಮೇಲೆ ಕಾಮೆಂಟಿನಲ್ಲಿ ಬಂದು ಹಿಡಿದು ಹಾಕಬೇಡಿ, ನಾನೇ ಸಿಕ್ಕಿಬಿದ್ದಿದ್ದೇನೆ.

ಆದರೆ ಆ ರೀಲಿನ ಹುಡುಗನ ದೇಶವನ್ನು ಯಾರೂ ನುಂಗಿರಲಿಲ್ಲ. 1960ರ ಅಕ್ಟೋಬರ್ 12, ಟೋಕಿಯೋದ ಹಿಬಿಯಾ ಸಭಾಂಗಣ. ಚುನಾವಣೆಗೆ ಮುಂಚೆ ಮೂರು ಪಕ್ಷದ ನಾಯಕರ ಭಾಷಣ. ಪ್ರಧಾನಿ ಇಕೆದಾ ಹಯಾತೋ ಅದೇ ವೇದಿಕೆಯಲ್ಲಿದ್ದರು. ಮಾತಾಡುತ್ತಿದ್ದವರು ಸೋಷಿಯಲಿಸ್ಟ್ ಪಕ್ಷದ ಅಧ್ಯಕ್ಷರು, 61 ವರ್ಷ. ಬಲಪಂಥದ ಹುಡುಗರು ಕೂಗಾಡಿ ಮಾತು ಕೇಳಿಸದ ಹಾಗೆ ಮಾಡುತ್ತಿದ್ದರು. ಆಮೇಲೆ ಅದು ನಡೆಯಿತು. ಮೈನಿಚಿ ಪತ್ರಿಕೆಯ ನಾಗಾಒ ಯಾಸುಶಿ ತೆಗೆದ ಫೋಟೋಗೆ ಪುಲಿಟ್ಜರ್ ಪ್ರಶಸ್ತಿ ಬಂತು. ಹುಡುಗ ಮುಂದಿನ ತಿಂಗಳು ಸೆರೆಯಲ್ಲಿ ನೇಣು ಹಾಕಿಕೊಂಡ. ಅಲ್ಲಿಗೆ ಅವನು ಅಮರ. ಫೋಟೋದಲ್ಲಿ ಎಲ್ಲರ ಕಣ್ಣೂ ಅವನ ಮೇಲೆ, ಅವನ ಕತ್ತಿಯ ಮೇಲೆ. ಪಕ್ಕದಲ್ಲಿ ಕನ್ನಡಕ ಜಾರುತ್ತಿರುವ ಮನುಷ್ಯನಿಗೆ ಒಂದು ಹೆಸರಿತ್ತು.

ಅವರ ಬಗ್ಗೆ ಹೇಳಲಾ? ಊರೂರು ಸುತ್ತಿ ನಿಲ್ಲದೆ ಭಾಷಣ ಮಾಡುತ್ತಿದ್ದುದಕ್ಕೆ ಜನ ಅವರನ್ನು "ಮನುಷ್ಯ ರೈಲು ಇಂಜಿನ್" ಅನ್ನುತ್ತಿದ್ದರು. ಅಷ್ಟು ದೊಡ್ಡ ನಾಯಕನಾದರೂ ಇದ್ದದ್ದು ಫುಕಾಗಾವಾ ಕಡೆಯ ಒಂದು ಸಣ್ಣ ಅಪಾರ್ಟ್‌ಮೆಂಟಿನಲ್ಲಿ. ಸತ್ತು ಆರು ದಿನಕ್ಕೆ ಪಾರ್ಲಿಮೆಂಟಿನಲ್ಲಿ ಶೋಕದ ಮಾತು ಹೇಳಿದವರು ಅವರ ಕಡು ವಿರೋಧಿ, ಅದೇ ವೇದಿಕೆಯಲ್ಲಿದ್ದ ಪ್ರಧಾನಿ ಇಕೆದಾ. ಗೆಳೆಯರು ಹಿಂದೆ ಅವರ ಬಗ್ಗೆ ಕಟ್ಟಿದ್ದ ಒಂದು ಪದ್ಯವನ್ನು ಇಕೆದಾ ನೆನೆದರು. ಕೊಳೆ ಬಟ್ಟೆ, ಹರಕು ಚೀಲ, ಇವತ್ತು ಈ ಊರಿನ ಸಭಾಂಗಣ, ನಾಳೆ ಆ ಊರಿನ ಗುಡಿ ಅಂತ ಅಲೆಯುವ ಭಾಷಣದ ರೈತ ಇವನು ಅಂತ.

ಇಷ್ಟನ್ನೂ ಗ್ರೂಪಿನಲ್ಲಿ ಬರೆಯುವ ತಾಳ್ಮೆ ಇರಲಿಲ್ಲ. ಸುಮ್ನೆ ಹೆಸರೊಂದನ್ನು ಟೈಪ್ ಮಾಡಿ ಹಾಕಿದೆ: ಅಸಾನುಮಾ ಇನೆಜಿರೋ.

ಐದು ನಿಮಿಷಕ್ಕೆ ಉತ್ತರ ಬಂತು. "ಓ, ಆ ಹುಡುಗನ ಹೆಸರಾ? ಥ್ಯಾಂಕ್ಸ್ ಮಗಾ."