ಜೆಫರ್ಸನ್ ಮನೆಯಲ್ಲಿ ಅಪ್ಪ

ಅಪ್ಪ ಅಮೆರಿಕದ ವರ್ಜೀನಿಯಾಕ್ಕೆ ಬಂದಾಗ ಅವರನ್ನು ಅಲ್ಲಿನ ಹಿಂದಿನ ಅಧ್ಯಕ್ಷ ಥಾಮಸ್ ಜೆಫರ್ಸನ್‌ನ ಮನೆ ಮಾಂಟಿಚೆಲೊಗೆ ಕರೆದುಕೊಂಡು ಹೋಗಿದ್ದೆ. ಮಂಡ್ಯ ಜಿಲ್ಲೆಯ ಶಾಲೆಗಳಲ್ಲಿ 30 ವರ್ಷ ಇತಿಹಾಸ ಪಾಠ ಮಾಡಿದವರು ಅವರು. ಜೆಫರ್ಸನ್ ಎಂದರೆ ಅವರಿಗೆ 1776ರ ಅಮೆರಿಕದ ಸ್ವಾತಂತ್ರ್ಯ ಘೋಷಣೆ, ಮನುಷ್ಯರೆಲ್ಲರೂ ಸಮಾನರು ಎಂಬ ಆ ಸಾಲು. ಮನೆ ತೋರಿಸುತ್ತಿದ್ದ ಹೆಂಗಸು ಆ ಸಾಲನ್ನು ಹೇಳಿದರು. ಅದರ ಬೆನ್ನಿಗೇ, ಇದನ್ನು ಬರೆದಾತ ತನ್ನ ಜೀವಮಾನದಲ್ಲಿ 600ಕ್ಕೂ ಹೆಚ್ಚು ಜನರನ್ನು ಗುಲಾಮರಾಗಿ ಇಟ್ಟುಕೊಂಡಿದ್ದ ಎಂದರು. ಸ್ಯಾಲಿ ಹೆಮಿಂಗ್ಸ್ ಅವನ ಮಕ್ಕಳ ತಾಯಿ, ಕಾನೂನಿನ ಲೆಕ್ಕದಲ್ಲಿ ಅವನ ಆಸ್ತಿ. ಅವನು ತೀರಿಕೊಂಡ ಮರುವರ್ಷ, 1827ರಲ್ಲಿ, ಸಾಲ ತೀರಿಸಲು ಮನೆಯ ಸಾಮಾನುಗಳ ಜೊತೆ 130 ಜನರನ್ನು ಹರಾಜಿಗಿಟ್ಟರು.

‘ಅವನ ಮನೆಯಲ್ಲೇ ನಿಂತು ಇಷ್ಟು ಹೇಳುತ್ತಾರಲ್ಲ!’ ಎಂದರು ಅಪ್ಪ.

ನನಗೆ ಮೈಸೂರಿನ ಒಂದು ಬೀಗರೂಟ ನೆನಪಾಯಿತು. ಟಿಪ್ಪು ಕೊಡಗಿನವರನ್ನು ಸೆರೆಹಿಡಿದು ಒಯ್ದದ್ದನ್ನು ನಾನು ಎತ್ತಿದಾಗ ಎಡಗಡೆ ಕೂತಿದ್ದವರು ಎಲೆ ಬಿಟ್ಟು ಎದ್ದರು. 1791ರಲ್ಲಿ ಮರಾಠರ ಸೇನೆ ದೋಚಿದ ಶೃಂಗೇರಿ ಮಠಕ್ಕೆ ಅದೇ ಟಿಪ್ಪು ನೆರವಾದದ್ದನ್ನು ಹೇಳಿದಾಗ ಬಲಗಡೆಯವರ ಮುಖ ಗಂಟಾಯಿತು. ಎರಡೂ ನಡೆದದ್ದೇ. ಒಬ್ಬನೇ ಮನುಷ್ಯ ಎರಡನ್ನೂ ಮಾಡಿದ. ಇಷ್ಟನ್ನು ಒಂದೇ ಪಂಕ್ತಿಯಲ್ಲಿ ಕೂತು ಕೇಳಲು ನಮ್ಮವರಿಗೆ ಆಗುವುದಿಲ್ಲ. 2015ರಲ್ಲಿ ಸರ್ಕಾರದ ಟಿಪ್ಪು ಜಯಂತಿ ಶುರುವಾಯಿತು, 2019ರಲ್ಲಿ ರದ್ದಾಯಿತು. ಈ ನಡುವೆ ಒಬ್ಬರ ಮಾತನ್ನು ಇನ್ನೊಬ್ಬರು ಕೇಳಿಸಿಕೊಂಡದ್ದನ್ನು ನಾನಂತೂ ಕಾಣೆ. ದೇವರಾಗಬೇಕು, ಇಲ್ಲವೇ ರಾಕ್ಷಸನಾಗಬೇಕು. ಊರಿಗೆ ಹೋದಾಗಲೆಲ್ಲ ಇದು ನನ್ನನ್ನು ಉಸಿರುಗಟ್ಟಿಸುತ್ತದೆ.

ಮಾಂಟಿಚೆಲೊದಲ್ಲಿಯೂ ಈ ಮಾತು ಸುಲಭಕ್ಕೆ ಬರಲಿಲ್ಲ, ಒಪ್ಪಿಕೊಳ್ಳಬೇಕು. ಸ್ಯಾಲಿಯ ಮಕ್ಕಳ ತಂದೆ ಜೆಫರ್ಸನ್ ಎಂದು ಹೆಮಿಂಗ್ಸ್ ವಂಶದವರು ತಲೆಮಾರುಗಳಿಂದ ಹೇಳುತ್ತಲೇ ಬಂದದ್ದನ್ನು ದೊಡ್ಡ ವಿದ್ವಾಂಸರು ತಳ್ಳಿಹಾಕಿದ್ದರು. 1998ರ ಡಿಎನ್‌ಎ ಪರೀಕ್ಷೆಯ ನಂತರವೇ ಅವರಲ್ಲಿ ಹೆಚ್ಚಿನವರು ಒಪ್ಪಿದ್ದು. ನಮ್ಮಲ್ಲಾದರೋ ಪುರಾವೆ ಮೊದಲೇ ಸಿಕ್ಕಿತ್ತು: ಶೃಂಗೇರಿಗೆ ಟಿಪ್ಪು ಬರೆಸಿದ ಕನ್ನಡದ ಪತ್ರಗಳನ್ನು 1916ರಲ್ಲೇ ಹುಡುಕಿ ತೆಗೆದವರು ನಮ್ಮ ಮೈಸೂರಿನ ಪುರಾತತ್ತ್ವ ಇಲಾಖೆಯ ಆರ್. ನರಸಿಂಹಾಚಾರ್ಯರು.

ವಾಪಸು ಬರುವಾಗ ಕಾರಿನಲ್ಲಿ ಅಪ್ಪ ಬಹಳ ಹೊತ್ತು ಸುಮ್ಮನಿದ್ದರು. ಆಮೇಲೆ ಹೇಳಿದರು: ‘ಮೇಲುಕೋಟೆಯಲ್ಲಿ ನಾನು ಬಾಡಿಗೆಗಿದ್ದ ಮನೆಯವರು ನರಕ ಚತುರ್ದಶಿಗೆ ದೀಪ ಹಚ್ಚುತ್ತಿರಲಿಲ್ಲ. ಯಾಕೆಂದು ನನಗೆ ಗೊತ್ತಿತ್ತು ಮಗು. ಆ ದಿನ ಟಿಪ್ಪು ತಮ್ಮ ಹಿರಿಯರನ್ನು ಕೊಲ್ಲಿಸಿದ ಎಂಬುದು ಅವರ ಮನೆತನದ ನೆನಪು. ಟಿಪ್ಪುವಿನ ಪಾಠವನ್ನು ಅಷ್ಟು ವರ್ಷ ಮಾಡಿದೆ. ತರಗತಿಯಲ್ಲಿ ಒಂದು ದಿನವೂ ಅದನ್ನು ಹೇಳಲಿಲ್ಲ.’