ಚೆಸ್ ಕಲಿಯೋ ಮಕ್ಕಳಿಗೆ ಓಪನಿಂಗ್ ಪುಸ್ತಕ ಕೊಡಿಸೋದನ್ನ ದಯವಿಟ್ಟು ನಿಲ್ಸಿ

ಕೋಪ ಇನ್ನೂ ಇಳಿದಿಲ್ಲ, ಆದ್ರೂ ಈಗ್ಲೇ ಬರೀತಿದೀನಿ, ನಾಳೆ ಅಂದ್ರೆ ಬರೆಯಲ್ಲ.

ನಿನ್ನೆ ಮಕ್ಕಳ ರ‍್ಯಾಪಿಡ್ ಟೂರ್ನಮೆಂಟ್ ಇತ್ತು. ನಮ್ಮ ಭಾನುವಾರದ ಕ್ಲಾಸಿನ ಮಕ್ಕಳೂ ಆಡ್ತಿದ್ರು, ಅದಕ್ಕೆ ಹೋಗಿದ್ದೆ. ಹಾಲ್ ಹೊರಗಡೆ ಪುಸ್ತಕದ ಟೇಬಲ್ ಹಾಕಿದ್ರು. ಅಲ್ಲೊಬ್ರು ಅಪ್ಪ, ಪಕ್ಕದಲ್ಲಿ ಎಂಟೋ ಒಂಬತ್ತೋ ವರ್ಷದ ಹುಡುಗ. ಅಪ್ಪನ ಕೈಯಲ್ಲಿ ಸಿಸಿಲಿಯನ್ ನೈಡಾರ್ಫ್ ಅನ್ನೋ ಓಪನಿಂಗ್ (ಅಂದ್ರೆ ಆಟ ಶುರು ಮಾಡೋ ಮೂವ್‌ಗಳ ಕ್ರಮ) ಮೇಲಿನ ದಪ್ಪ ಪುಸ್ತಕ. ಹುಡುಗ ಮಾತ್ರ ಇನ್ನೊಂದು ಪುಸ್ತಕ ಹಿಡ್ಕೊಂಡು ನಿಂತಿದ್ದ, ಬರೀ ಡಯಾಗ್ರಾಮ್ ಇರೋದು, ಒಂದು ಪುಟದಲ್ಲಿ ಬೆರಳಿಟ್ಟು ತುಟಿ ಅಲ್ಲಾಡಿಸ್ತಾ ಏನೋ ಲೆಕ್ಕ ಹಾಕ್ತಿದ್ದ. "ಅದೆಲ್ಲ ಫೋನಲ್ಲೇ ಇದೆ ಕಣೋ, ಇಡು ಅದನ್ನ" ಅಂದ್ರು. ಇಟ್ಟುಬಿಟ್ಟ. ನೈಡಾರ್ಫ್ ಪುಸ್ತಕಕ್ಕೆ ದುಡ್ಡು ಕೊಟ್ಟು ಹೋದ್ರು.

ಅವನ ಮುಂದಿನ ಗೇಮ್ ನಾನೇ ನಿಂತು ನೋಡ್ದೆ. ಚೆನ್ನಾಗಿ ಆಡ್ದ ಹುಡುಗ, ಸುಳ್ಳು ಹೇಳಲ್ಲ. ಕೊನೆಗೆ ಆನೆ ಮತ್ತೆ ಒಂದು ಪಾನ್ (ಕಾಲಾಳು) ಇವನ ಹತ್ರ, ಎದುರಿನವನ ಹತ್ರ ಬರೀ ಆನೆ. ಪಾನ್ ಏಳನೇ ಸಾಲಲ್ಲಿದೆ, ಅದರ ಮುಂದೆ ಇವನದೇ ರಾಜ, ಎದುರಾಳಿ ರಾಜ ಒಂದು ಸಾಲು ಆಚೆ. ಚೆಸ್ ಆಡೋರಿಗೆಲ್ಲ ಗೊತ್ತಾಯ್ತಲ್ಲ, ಲುಸೇನಾ ಪೊಸಿಷನ್, ದಾರಿ ಗೊತ್ತಿದ್ರೆ ಗೆದ್ದ ಹಾಗೇ. ಆನೆನ ನಾಲ್ಕನೇ ಸಾಲಿಗೆ ತಂದು ನಿಲ್ಸು, ರಾಜನ್ನ ಆಚೆ ತೆಗಿ, ಅವನು ಚೆಕ್ ಮೇಲೆ ಚೆಕ್ ಕೊಡ್ತಾನೆ, ನೀನು ಕೆಳಗೆ ಇಳ್ಕೊಂಡು ಬಾ, ಕೊನೆ ಚೆಕ್‌ಗೆ ಆನೆ ಅಡ್ಡ ಹಾಕು, ಮುಗೀತು, ಪಾನ್ ಕ್ವೀನ್ ಆಗುತ್ತೆ. 1634ರಲ್ಲಿ ಸಾಲ್ವಿಯೋ ಅನ್ನೋ ಇಟಲಿಯವನ ಪುಸ್ತಕದಲ್ಲೇ ಅಚ್ಚಾಗಿರೋ ವಿಷಯ ಇದು. ಹುಡುಗನಿಗೆ ಗೊತ್ತಿಲ್ಲ. ಯಾರೂ ಹೇಳ್ಕೊಟ್ಟಿಲ್ಲ. ರಾಜನ್ನ ಆಚೆ ಈಚೆ ಓಡಿಸಿದ, ಮತ್ತೆ ಅದೇ ಜಾಗಕ್ಕೆ ತಂದ, ಅದೇ ಪೊಸಿಷನ್ ಮೂರು ಸಲ ಬಂತು, ಡ್ರಾ. ಹೊರಗೆ ಬಂದಾಗ ಅವನ ಮುಖ ನೋಡಕ್ಕಾಗ್ಲಿಲ್ಲ ನಂಗೆ. ಅವರಪ್ಪ ಕೇಳಿದ ಮೊದಲ ಪ್ರಶ್ನೆ "ಓಪನಿಂಗ್ ಏನಾಯ್ತು?"

ಓಪನಿಂಗ್ ಏನೂ ಆಗಿಲ್ಲ ಸ್ವಾಮಿ! ಓಪನಿಂಗ್ ಮುಗಿದು ಐವತ್ತು ಮೂವ್ ಆಗಿತ್ತು!

ಅವರೊಬ್ಬರನ್ನೇ ಬೈತಿಲ್ಲ, ಪಾಪ ಅವರು ಮಗನಿಗೋಸ್ಕರ ದುಡ್ಡು ಖರ್ಚು ಮಾಡೋರು, ಭಾನುವಾರ ಪೂರ್ತಿ ಪ್ಲಾಸ್ಟಿಕ್ ಕುರ್ಚಿ ಮೇಲೆ ಕೂತು ಕಾಯೋರು. ಅವರಿಗೆ ಹೀಗೆ ಅಂತ ಹೇಳಿಕೊಟ್ಟೋರ ಮೇಲೆ ನನ್ನ ಸಿಟ್ಟು. ಊರೂರಲ್ಲೂ ಈಗ ಚೆಸ್ ಕ್ಲಾಸ್ ಇದೆ, ಒಳ್ಳೇದೇ. ಆದ್ರೆ ಎಷ್ಟೋ ಕಡೆ ಮೂರನೇ ತಿಂಗಳಿಗೇ ಮಗುಗೆ ಒಂದು ಓಪನಿಂಗ್ ಹೆಸರು ಕಲಿಸಿಬಿಡ್ತಾರೆ, ಮನೆಗೆ ಹೋಗಿ ಹೇಳಿದ್ರೆ ಅಪ್ಪ ಅಮ್ಮಂಗೆ ಖುಷಿ, ಏನೋ ಕಲೀತಿದಾನೆ ಅಂತ. ನೈಡಾರ್ಫ್‌ನಲ್ಲಿ ಐದನೇ ಮೂವಿಗೆ ಕಪ್ಪು ಎ6 ಅನ್ನೋ ಮನೆಗೆ ಒಂದು ಚಿಕ್ಕ ಪಾನ್ ತಳ್ಳುತ್ತೆ, ಯಾಕೆ ತಳ್ಳುತ್ತೆ ಅಂತ ಆ ಮಗುನ ಕೇಳಿ. ಪುಸ್ತಕದಲ್ಲಿದೆ ಅಂತಾನೆ. ಎದುರಿಗಿರೋ ಒಂಬತ್ತು ವರ್ಷದವನು ಆ ಪುಸ್ತಕ ಓದಿಲ್ಲ, ಅವನು ನಾಲ್ಕನೇ ಮೂವಿಗೇ ಬೇರೆ ಏನೋ ಆಡ್ತಾನೆ, ಆಮೇಲೆ?

ಇದಕ್ಕೆ ಯಾವಾಗ್ಲೂ ಬರೋ ಉತ್ತರ ನಂಗೆ ಗೊತ್ತು. "ಓಪನಿಂಗ್ ಗೊತ್ತಿಲ್ದೆ ಹೋದ್ರೆ ಹತ್ತು ಮೂವಲ್ಲೇ ಸೋಲ್ತಾರೆ ಸರ್." ಸರಿ, ಹತ್ತು ಮೂವಲ್ಲಿ ಸೋತ ಮಕ್ಕಳ ಸ್ಕೋರ್‌ಶೀಟ್ ತಂದು ತೋರ್ಸಿ. ನಾನು ಕಂತೆ ಕಂತೆ ನೋಡಿದೀನಿ. ಕುದುರೆನ ಪುಕ್ಕಟೆ ಕೊಟ್ಟಿರ್ತಾರೆ, ಎಫ್7 ಮೇಲೆ ಎರಡು ಕಾಯಿ ಕಣ್ಣಿಟ್ಟಿರೋದು ಕಂಡಿರಲ್ಲ, ಒಂದೇ ಮೂವಿನ ಮೇಟ್ (ರಾಜ ತಪ್ಪಿಸ್ಕೊಳ್ಳೋಕಾಗದ ಚೆಕ್) ಬಿಟ್ಟಿರ್ತಾರೆ. ಅದಕ್ಕೆ ಮದ್ದು ಓಪನಿಂಗ್ ಪುಸ್ತಕ ಅಲ್ಲ. ಕಣ್ಣು ಪಳಗಬೇಕು, ಕಣ್ಣು ಪಳಗೋದು ಪ್ರಾಬ್ಲಮ್ ಬಿಡಿಸಿದ್ರೆ ಮಾತ್ರ.

ಆ ಹುಡುಗ ಟೇಬಲ್ ಮೇಲೆ ವಾಪಸ್ ಇಟ್ಟ ಪುಸ್ತಕ ಇದೆಯಲ್ಲ, ಲಾಸ್ಲೋ ಪೋಲ್ಗಾರ್ ಅವರದು, ಅದರ ಹೆಸರಲ್ಲೇ 5334 ಅಂತ ಸಂಖ್ಯೆ ಇದೆ. ಒಂದು ಮೂವಿನ ಮೇಟ್ 306, ಎರಡು ಮೂವಿನದು 3412, ಮೂರು ಮೂವಿನದು 744, ಆಮೇಲೆ ಪುಟ್ಟ ಪುಟ್ಟ ಗೇಮ್‌ಗಳು, ಸುಲಭದ ಎಂಡ್‌ಗೇಮ್‌ಗಳು (ಕೆಲವೇ ಕಾಯಿ ಉಳಿದಾಗಿನ ಆಟ), ಕಾಂಬಿನೇಶನ್‌ಗಳು. ಹಂಗೇರಿಯ ಈ ಮನುಷ್ಯ ಮೂರು ಹೆಣ್ಣುಮಕ್ಕಳನ್ನ ಶಾಲೆಗೆ ಕಳಿಸ್ದೆ ಮನೇಲೇ ಚೆಸ್ ಕಲಿಸಿ ಬೆಳೆಸಿದವರು. ಕಿರಿಯವಳು ಜುಡಿತ್ 1991ರಲ್ಲಿ ಹದಿನೈದು ವರ್ಷಕ್ಕೇ ಗ್ರ್ಯಾಂಡ್‌ಮಾಸ್ಟರ್ ಆಗಿ ಬಾಬಿ ಫಿಶರ್ ದಾಖಲೆ ಮುರಿದಳು. ಆ ಮನೇಲಿ ಪ್ರಾಬ್ಲಮ್ ಬಿಡಿಸೋದು ದಿನದ ಊಟದಷ್ಟೇ ಸಹಜ.

ನಮ್ಮ ಮಕ್ಕಳಿಗೆ ಈ ಪುಸ್ತಕ ಯಾಕೆ ಇಷ್ಟು ಮುಖ್ಯ ಅಂದ್ರೆ, ಇದಕ್ಕೆ ಇಂಗ್ಲಿಷ್ ಬೇಕಾಗೇ ಇಲ್ಲ. ಡಯಾಗ್ರಾಮ್, ಕೆಳಗೆ ಬಿಳಿ ಆಡಬೇಕೋ ಕಪ್ಪು ಆಡಬೇಕೋ, ಹಿಂದೆ ಉತ್ತರ, ಅಷ್ಟೇ. ನಮ್ಮ ಕ್ಲಾಸಿಗೆ ಬರೋ ಸರ್ಕಾರಿ ಕನ್ನಡ ಶಾಲೆ ಹುಡುಗಿ ಒಬ್ಬಳು, ಅವಳಿಗೆ ಓಪನಿಂಗ್ ಪುಸ್ತಕದ ಒಂದು ಪ್ಯಾರಾನೂ ಓದಕ್ಕೆ ಆಗಲ್ಲ, ಆದ್ರೆ ಎರಡು ಮೂವಿನ ಮೇಟ್‌ನಲ್ಲಿ ಅವಳನ್ನ ಹಿಡಿಯೋರು ನಮ್ಮಲ್ಲಿ ಯಾರೂ ಇಲ್ಲ. ಹೇಳ್ಬಾರ್ದು ಅಂತಿದ್ದೆ, ಹೇಳ್ಬಿಡ್ತೀನಿ, ಅವಳು ಮೊದಲನೇ ಸಲ ಮೂರು ಮೂವಿನದನ್ನ ಕಾಯಿ ಮುಟ್ಟದೆ ಬಿಡಿಸಿ ತಲೆ ಎತ್ತಿ ನನ್ನ ನೋಡಿದಾಗ ನಂಗೆ ಕಣ್ಣು ತುಂಬಿ ಬಂತು. ಕನ್ನಡದಲ್ಲಿ ಹೇಳ್ಕೊಟ್ಟು, ಡಯಾಗ್ರಾಮ್ ಕೈಗಿಟ್ರೆ ಯಾವ ಮಗುನೂ ಹಿಂದೆ ಬೀಳಲ್ಲ.

"ಫೋನಲ್ಲೇ ಪಜಲ್ ಇದೆಯಲ್ಲ." ಇದೆ, ಪುಕ್ಕಟೆನೂ ಇದೆ, ಬೇಡ ಅನ್ನಲ್ಲ. ಆದ್ರೆ ಮಗು ಫೋನಲ್ಲಿ ಹೇಗೆ ಬಿಡಿಸುತ್ತೆ ಅಂತ ಪಕ್ಕದಲ್ಲಿ ಕೂತು ನೋಡಿದೀರಾ? ಮೊದಲು ಕಂಡ ಚೆಕ್ ಕೊಡುತ್ತೆ. ತಪ್ಪು ಅಂದ್ರೆ ಇನ್ನೊಂದು ಚೆಕ್. ಸರಿ ಅಂದ್ರೆ ಎದುರಾಳಿ ಮೂವ್ ಫೋನೇ ಆಡಿಬಿಡುತ್ತೆ, ಮುಂದಿನದು ಆಮೇಲೆ ಯೋಚ್ನೆ ಮಾಡಿದ್ರೆ ಆಯ್ತು. ಪುಸ್ತಕದಲ್ಲಿ ಹಾಗಾಗಲ್ಲ. ಎದುರಾಳಿ ಏನೇನು ಆಡಬಹುದು ಅಂತ ನೀವೇ ಹುಡುಕಬೇಕು, ಪ್ರತಿಯೊಂದಕ್ಕೂ ಉತ್ತರ ನೋಟ್‌ಬುಕ್ಕಲ್ಲಿ ಬರೀಬೇಕು, ಬರೆದ ಮೇಲೆ ಮಾತ್ರ ಹಿಂದಿನ ಪುಟ ತಿರುವಬೇಕು. ಅದರಲ್ಲೂ ಯಾರೋ ಕೂತು ಕಟ್ಟಿದ ಎರಡು ಮೂವಿನ ಪ್ರಾಬ್ಲಮ್‌ಗಳಲ್ಲಿ ಮೊದಲ ಮೂವ್ ಸಾಮಾನ್ಯವಾಗಿ ಚೆಕ್ ಆಗಿರೋದೇ ಇಲ್ಲ. ಸುಮ್ನೆ ಒಂದು ಕಾಯಿ ಎಲ್ಲೋ ಮೂಲೆಗೆ ಹೋಗುತ್ತೆ, ಆಮೇಲೆ ಕಪ್ಪು ಏನು ಆಡಿದ್ರೂ ಮೇಟ್. ಗೇಮಲ್ಲಿ ಇಂಥ ಪೊಸಿಷನ್ ಬರಲ್ಲ, ವೇಸ್ಟು ಅಂತ ದೊಡ್ಡ ಆಟಗಾರರೂ ಹೇಳೋದುಂಟು. ಪೊಸಿಷನ್ ಬರದೇ ಇರಬಹುದು, ಆದ್ರೆ ಎದುರಿನವನ ಎಲ್ಲಾ ಮೂವ್ ನೋಡೋ ಅಭ್ಯಾಸ ಪ್ರತಿ ಗೇಮಲ್ಲೂ ಬೇಕು. ಅದನ್ನ ಇನ್ಯಾವುದೂ ಇಷ್ಟು ಚೆನ್ನಾಗಿ ಕಲಿಸಲ್ಲ.

ಪ್ರಾಬ್ಲಮ್ ವಿಷ್ಯ ಬಂದ್ರೆ ನಂಗೆ ಮಾತು ನಿಲ್ಲಲ್ಲ, ನಿಮಗೆ ಗೊತ್ತು. ಗೇಮ್ ಗೆಲ್ಲೋದಕ್ಕಿಂತ ಒಂದು ಒಳ್ಳೆ ಸ್ಟಡಿ (ಗೆಲುವೋ ಡ್ರಾನೋ ಹುಡುಕೋ ಎಂಡ್‌ಗೇಮ್ ಒಗಟು) ಬಿಡಿಸೋದೇ ನಂಗೆ ಹೆಚ್ಚು ಇಷ್ಟ, ಯಾವತ್ತಿಂದ್ಲೂ ಹಾಗೇ. ಸಾವೆದ್ರಾ ಪೊಸಿಷನ್ ನೋಡಿ. 1895, ಗ್ಲಾಸ್ಗೋದ ಒಂದು ಪತ್ರಿಕೆಯ ಚೆಸ್ ಅಂಕಣದಲ್ಲಿ ಡ್ರಾ ಅಂತ ಅಚ್ಚಾಗಿದ್ದ ಪೊಸಿಷನ್. ಈಗ ಸಾಮಾನ್ಯವಾಗಿ ತೋರಿಸೋ ರೂಪದಲ್ಲಿ ಬಿಳಿ ರಾಜ ಬಿ6, ಪಾನ್ ಸಿ6. ಕಪ್ಪು ರಾಜ ಎ1, ಆನೆ ಡಿ5. ಬೋರ್ಡ್ ಮೇಲೆ ನಾಲ್ಕೇ ಕಾಯಿ. ಪಾನ್ ಸಿ7ಗೆ ಹೋಗುತ್ತೆ, ಆನೆ ಚೆಕ್ ಕೊಡ್ತಾ ಹೋಗುತ್ತೆ, ಬಿಳಿ ರಾಜ ಒಂದೊಂದೇ ಮೆಟ್ಟಿಲು ಇಳಿದು ಸಿ2ಗೆ ಬರ್ತಾನೆ. ಆಗ ಕಪ್ಪು ಆನೆ ಡಿ4ಗೆ ಬಂದು ಬಲೆ ಬೀಸುತ್ತೆ: ನೀನು ಕ್ವೀನ್ ಮಾಡಿದ್ರೆ ನಾನು ಸಿ4ರಲ್ಲಿ ಚೆಕ್, ಕ್ವೀನಿಂದ ಆನೆನ ಹೊಡೆದ್ರೆ ಸ್ಟೇಲ್‌ಮೇಟ್, ಅಂದ್ರೆ ಕಪ್ಪಿಗೆ ಆಡೋಕೆ ಮೂವೇ ಇಲ್ಲ, ಡ್ರಾ. ಎಲ್ರೂ ಅಲ್ಲೇ ನಿಂತ್ರು. ಅದೇ ಊರಲ್ಲಿದ್ದ ಸ್ಪೇನಿನ ಒಬ್ಬ ಪಾದ್ರಿ, ಸಾವೆದ್ರಾ, ದೊಡ್ಡ ಆಟಗಾರನೇನೂ ಅಲ್ಲ, ಕ್ವೀನ್ ಬೇಡ, ಆನೆ ಮಾಡಿ ಅಂದ. ಎ8ರಲ್ಲಿ ಮೇಟ್ ಹೆದರಿಕೆ, ಕಪ್ಪು ಆನೆ ಎ4ಗೆ ಬರಲೇಬೇಕು, ಬಿಳಿ ರಾಜ ಬಿ3ಗೆ ಬರ್ತಾನೆ, ಆನೆನೂ ಹೋಯ್ತು ಇಲ್ಲಾ ಸಿ1ರಲ್ಲಿ ಮೇಟ್. ಆ ಒಂದೇ ಒಂದು ಮೂವಿಗೆ ಆ ಪಾದ್ರಿ ಹೆಸರು ಇವತ್ತಿಗೂ ಉಳಿದಿದೆ. ಇದನ್ನ ಕ್ಲಾಸಲ್ಲಿ ತೋರಿಸಿದ ದಿನ ಮಕ್ಕಳು ಕಿರುಚ್ತಾರೆ ರೀ! ಯಾವ ಓಪನಿಂಗ್ ಪುಸ್ತಕ ಓದಿ ಯಾವ ಮಗು ಕಿರುಚಿದೆ?

ನಮಗೇನು ಇದು ಹೊಸದಾ? ಮೈಸೂರಿನ ಮುಮ್ಮಡಿ ಕೃಷ್ಣರಾಜ ಒಡೆಯರಿಗೆ ಕುದುರೆ ನಡೆಯ ಸಮಸ್ಯೆಗಳ ಮೇಲೆ ಎಷ್ಟು ಹುಚ್ಚಿತ್ತು ಅಂದ್ರೆ, ಅರವತ್ನಾಲ್ಕು ಮನೆನೂ ಒಂದೊಂದೇ ಸಲ ಮುಟ್ಟೋ ಹಾಗೆ ಕುದುರೆ ಓಡಿಸೋ ಒಗಟುಗಳನ್ನ ತಾವೇ ಕಟ್ಟಿದ್ರು. ಅದೇ ಮೈಸೂರಿಂದಲೇ ನಮ್ಮ ರಾಜ್ಯದ ಮೊದಲ ಗ್ರ್ಯಾಂಡ್‌ಮಾಸ್ಟರ್ ತೇಜ್‌ಕುಮಾರ್ 2017ರಲ್ಲಿ ಬಂದ್ರು.

ಎಂಡ್‌ಗೇಮ್ ಬೋರು ಅಂತಾರೆ. 2024ರ ಡಿಸೆಂಬರ್ 12, ಸಿಂಗಾಪುರ, ಗುಕೇಶ್ ಮತ್ತೆ ಡಿಂಗ್ ಲಿರೆನ್, ಹದಿನಾಲ್ಕನೇ ಗೇಮ್. ಎಲ್ರೂ ಡ್ರಾ ಅಂತಿದ್ರು. 55ನೇ ಮೂವಲ್ಲಿ ಡಿಂಗ್ ಆನೆನ ಎಫ್2ಗೆ ಇಟ್ರು. ಗುಕೇಶ್ ಆನೆ ಬದಲಾಯಿಸ್ಕೊಂಡ, ಬಿಷಪ್ ಡಿ5ಗೆ ತಂದು ಅದನ್ನೂ ಬದಲಾಯಿಸ್ಕೊಂಡ, ಉಳಿದಿದ್ದು ಬರೀ ರಾಜ ಮತ್ತೆ ಪಾನ್, ಇವನ ಹತ್ರ ಒಂದು ಪಾನ್ ಜಾಸ್ತಿ. 58 ಮೂವಿಗೆ ಮುಗೀತು. ಹದಿನೆಂಟು ವರ್ಷಕ್ಕೆ ವಿಶ್ವ ಚಾಂಪಿಯನ್. ಆ ವರ್ಲ್ಡ್ ಟೈಟಲ್ ತೀರ್ಮಾನ ಆಗಿದ್ದು ಪಾನ್ ಎಂಡ್‌ಗೇಮಲ್ಲಿ, ನಾವು ಬೋರು ಅಂತ ಮಕ್ಕಳಿಗೆ ಹೇಳಿಕೊಡದೇ ಇರೋ ಅದೇ ಪಾಠದಲ್ಲಿ! ಅವನ ಕೋಚ್ ವಿಷ್ಣು ಪ್ರಸನ್ನ ಹುಡುಗ ಗ್ರ್ಯಾಂಡ್‌ಮಾಸ್ಟರ್ ಮಟ್ಟಕ್ಕೆ ಬರೋವರೆಗೂ ಕಂಪ್ಯೂಟರ್ ಇಂಜಿನ್ (ಒಳ್ಳೆ ಮೂವ್ ಹುಡುಕಿಕೊಡೋ ಪ್ರೋಗ್ರಾಮ್) ಮುಟ್ಟೋಕೆ ಬಿಟ್ಟಿರಲಿಲ್ಲ, ಎಲ್ಲಾ ತಲೇಲೇ ಲೆಕ್ಕ ಹಾಕಿಸ್ತಿದ್ರು. ಕಾಪಾಬ್ಲಾಂಕಾ 1921ರಲ್ಲಿ ಬರೆದ ಚೆಸ್ ಫಂಡಮೆಂಟಲ್ಸ್ ತೆಗೀರಿ, ಶುರುವಾಗೋದೇ ಸುಲಭದ ಮೇಟ್‌ಗಳಿಂದ, ಪಾನ್ ಕ್ವೀನ್ ಮಾಡೋದ್ರಿಂದ. ಅದೇ ವರ್ಷ ವಿಶ್ವ ಚಾಂಪಿಯನ್ ಆದ ಮನುಷ್ಯ ಅದನ್ನ ಮೊದಲು ಇಟ್ಟಿದಾನೆ ಅಂದ್ರೆ ಕಾರಣ ಇರಲ್ವಾ?

ಇನ್‌ಬಾಕ್ಸಿಗೆ ಬಂದು ಯಾವ ಪುಸ್ತಕ ಅಂತ ಕೇಳೋರಿಗೆ ಇಲ್ಲೇ ಹೇಳ್ತೀನಿ. ಪೋಲ್ಗಾರ್ ಪುಸ್ತಕ ಒಂದು, ವರ್ಷಗಟ್ಟಲೆ ಸಾಕು. ಇಂಗ್ಲಿಷ್ ಓದೋ ಮಗು ಆದ್ರೆ ಚೆರ್ನೆವ್ ಅವರ ಲಾಜಿಕಲ್ ಚೆಸ್, 33 ಗೇಮ್, ಪ್ರತಿ ಮೂವಿಗೂ ಯಾಕೆ ಅಂತ ಬರೆದಿದಾರೆ, ಮಗು ಓಪನಿಂಗ್ ಕಲಿಯೋಕೆ ಅದರಲ್ಲಿರೋದೇ ಬೇಕಾದಷ್ಟಾಯ್ತು. ಎಂಡ್‌ಗೇಮಿಗೆ ಸಿಲ್ಮನ್ ಬರೆದದ್ದು ಚೆನ್ನಾಗಿದೆ, ರೇಟಿಂಗ್ ಪ್ರಕಾರ ಅಧ್ಯಾಯ ಮಾಡಿದಾರೆ, ನಿಮ್ಮ ಮಟ್ಟದ ಅಧ್ಯಾಯ ಮುಗಿಸಿ ಪುಸ್ತಕ ಮುಚ್ಚಿಡಿ, ಮುಂದಿನದು ಆಮೇಲೆ. ದ್ವೊರೆತ್ಸ್ಕಿ ಪುಸ್ತಕ ಈಗ್ಲೇ ತರ್ಬೇಡಿ, ಅದು ದೊಡ್ಡ ಆಟಗಾರರಿಗೆ, ಮಕ್ಕಳು ಹೆದರ್ಕೋತಾರೆ. ಐದು ಪುಸ್ತಕ ತಂದು ಶೆಲ್ಫಲ್ಲಿ ಇಡೋದಕ್ಕಿಂತ ಒಂದನ್ನ ಹಾಳೆ ಕಿತ್ತುಹೋಗೋವರೆಗೂ ಬಿಡಿಸಲಿ. ಬಿಡಿಸಕ್ಕಾಗದೇ ಇದ್ದಿದ್ದಕ್ಕೆ ಗುರುತು ಹಾಕಿ, ತಿಂಗಳಾದ್ಮೇಲೆ ಮತ್ತೆ ಅದೇ ಕೊಡಿ. ಉತ್ತರ ನೀವು ಹೇಳ್ಬೇಡಿ, ಪ್ಲೀಸ್, ಮಗು ಹತ್ತು ನಿಮಿಷ ಸುಮ್ನೆ ಬೋರ್ಡ್ ನೋಡ್ತಾ ಕೂತಿದ್ರೆ ಕೂತಿರಲಿ ಬಿಡಿ, ಅದೇ ಪಾಠ ನಡೀತಿರೋದು.

ಇವತ್ತಿಗೆ ಮನೇಲಿ ಎಲ್ಲರೂ ಕೂತು ಬಿಡಿಸೋಕೆ ಒಂದು ಕೊಡ್ತೀನಿ. ರೇಟಿ 1921ರಲ್ಲಿ ಕಟ್ಟಿದ್ದು. ಬಿಳಿ ರಾಜ ಎಚ್8, ಬಿಳಿ ಪಾನ್ ಸಿ6. ಕಪ್ಪು ರಾಜ ಎ6, ಕಪ್ಪು ಪಾನ್ ಎಚ್5. ಬಿಳಿ ಆಡಬೇಕು, ಡ್ರಾ ಮಾಡಬೇಕು. ಕಪ್ಪು ಪಾನ್ ಓಡಿಹೋಗ್ತಿದೆ, ಬಿಳಿ ರಾಜ ಅದಕ್ಕೆ ಎಟುಕಲ್ಲ, ತನ್ನ ಪಾನ್ ಹತ್ರಕ್ಕೂ ಹೋಗೋಕಾಗಲ್ಲ ಅಂತ ಅನ್ಸುತ್ತೆ. ಆದ್ರೂ ಡ್ರಾ ಇದೆ. ನಿಜವಾದ ಬೋರ್ಡ್ ಮೇಲೆ ಇಡಿ, ಇಂಜಿನ್ ಆಫ್ ಮಾಡಿ, ಕಾಯಿ ಮುಟ್ಬೇಡಿ. ಗೊತ್ತಿರೋರು ಉತ್ತರ ಕಾಮೆಂಟಲ್ಲಿ ಹಾಕ್ಬೇಡಿ, ಮಕ್ಕಳು ನೋಡ್ತಾರೆ.