ಇಸ್ತ್ರಿ ಹಾಕಿದ ಇತಿಹಾಸ

ಈಗಷ್ಟೇ ಇನ್ನೊಂದು ಐತಿಹಾಸಿಕ ಸರಣಿಯ ಟ್ರೇಲರ್ ನೋಡಿದೆ. 17ನೇ ಶತಮಾನವಂತೆ. ಮೂರು ದಿನ ಕುದುರೆ ಮೇಲೆ ಬಂದ ದೂತ ಅರಮನೆ ಬಾಗಿಲಲ್ಲಿ ಇಳಿಯುತ್ತಾನೆ, ತೋಳಿನ ಮೇಲೆ ಇಸ್ತ್ರಿ ಗೆರೆ ಇನ್ನೂ ನೆಟ್ಟಗೆ ನಿಂತಿದೆ! ಗೊತ್ತಿದ್ದವರಿಗೆ ಗೊತ್ತು, ನನ್ನ ಕಣ್ಣು ಮೊದಲು ಹೋಗೋದೇ ಬಟ್ಟೆಗೆ.

ಅವನ ಶಾಲು ನೋಡಿ, ಕಣ್ಣು ಕುಕ್ಕುವ ನೇರಳೆ. ಇಂಗ್ಲೆಂಡಿನ ರಸಾಯನಶಾಸ್ತ್ರಜ್ಞ ವಿಲಿಯಂ ಪರ್ಕಿನ್ ಕಲ್ಲಿದ್ದಲ ಟಾರಿನ ಮೂಲದಿಂದ ಕೃತಕ ನೇರಳೆ ಬಣ್ಣ ತೆಗೆದದ್ದು 1856ರಲ್ಲಿ. ಅದಕ್ಕೂ ಮೊದಲು ಹೆಚ್ಚಾಗಿ ಒಂದೋ ಸಮುದ್ರದ ಬಸವನಹುಳುಗಳನ್ನು ಸಾವಿರಗಟ್ಟಲೆ ಜಜ್ಜಬೇಕಿತ್ತು, ಇಲ್ಲ ನೀಲಿಯ ಮೇಲೆ ಮಂಜಿಷ್ಠದ ಕೆಂಪು ಹತ್ತಿಸಬೇಕಿತ್ತು. ಎರಡನೆಯದು ಮಂಕಾಗಿಯೇ ಬರುತ್ತೆ. ಬರಲಿ ಬಿಡಿ, ಅವನೇನು ಮದುವೆಗೆ ಹೊರಟಿದ್ದಾನಾ?

ಇಂಥ ವೇಷ ಹೊಲಿದು ಮುಗಿಸಿದರೆ ಅರ್ಧ ಕೆಲಸ ಮಾತ್ರ ಆದಂತೆ, ಹೊಸ ಬಟ್ಟೆ ತೊಟ್ಟು ಸವೆದಂತೆ ಕಾಣಿಸೋದು ಉಳಿದರ್ಧ. ನಾಲ್ಕೈದು ಸಲ ಬಿಸಿನೀರಲ್ಲಿ ಒಗೆದು ಗಂಜಿ ಬಿಡಿಸಬೇಕು, ಗಂಜಿ ಉಳಿದರೆ ಬಣ್ಣ ಸಮನಾಗಿ ಹಿಡಿಯಲ್ಲ. ಒದ್ದೆ ಇರುವಾಗಲೇ ಅಂಚಿಗೆ ಭಾರ ಕಟ್ಟಿ ತೂಗುಹಾಕಿದರೆ ಜೋತು ಬೀಳುತ್ತೆ. ಮೊಣಕೈ, ಮೊಣಕಾಲಿಗೆ ಉಜ್ಜುಕಾಗದ, ತಂತಿ ಬ್ರಷ್. ಚಹಾ ಡಿಕಾಕ್ಷನ್‌ನಲ್ಲಿ ಅದ್ದಿ ಬಿಳುಪು ಇಳಿಸಿ, ಕೊರಳಿಗೆ ಕಂಕುಳಿಗೆ ತೆಳು ಕಂದು ಬಣ್ಣ ಸಿಂಪಡಿಸಿ, ಕಡೆಗೆ ಮುಲ್ತಾನಿ ಮಿಟ್ಟಿ ಬಡಿಯೋದು. ಮುಗ್ಗರಿಸೋದು ಎಲ್ಲಿ ಗೊತ್ತಾ? ಮೈತುಂಬ ಒಂದೇ ಸಮ ಕೊಳೆ ಬಳಿಯೋದರಲ್ಲಿ. ಕೊಳೆಗೂ ಲೆಕ್ಕ ಇದೆ ಸ್ವಾಮಿ. ಸವಾರನಿಗೆ ತೊಡೆಯ ಒಳಬದಿ ಸವೆಯುತ್ತೆ, ಲಿಪಿಕಾರನಿಗೆ ಬಲತೋಳಿನ ಅಂಚು ಮಸಿ ಹಿಡಿಯುತ್ತೆ.

ಮತ್ತೆ, ಚಿತ್ರೀಕರಣ ಕಥೆಯ ಕ್ರಮದಲ್ಲಿ ನಡೆಯಲ್ಲ. ನಾಯಕನ ಒಂದೇ ಅಂಗಿಗೆ ಕನಿಷ್ಠ ನಾಲ್ಕು ಪ್ರತಿ ಬೇಕು: ಹೊಸದು, ಬಳಸಿದ್ದು, ಹರಿದದ್ದು, ರಕ್ತದ್ದು. ಸಾಹಸ ಕಲಾವಿದನಿಗೆ ಬೇರೆ. ಒಂದರಲ್ಲೇ ಸುಧಾರಿಸಿದರೆ ಬಣ್ಣದ ರಕ್ತ ಒಗೆದರೂ ಗುಲಾಬಿ ಕಲೆ ಉಳಿಯುತ್ತೆ, ಸೇನಾಪತಿ ಯುದ್ಧಕ್ಕೆ ಹೊರಡೋ ಮೊದಲೇ ಗಾಯಾಳು!

"ಜನ ಕಥೆ ನೋಡ್ತಾರೆ, ಹೊಲಿಗೆ ಅಲ್ಲ" ಅಂತ ಕಮೆಂಟಿಗೆ ಬರೋರು ಇದ್ದೇ ಇರ್ತೀರಿ. ಸರಿ, ಹಾಗಾದರೆ ಈ ಟ್ರೇಲರ್‌ನ ಕೋಟೆಯ ಗ್ರಾಫಿಕ್ಸ್‌ಗೆ ಅಷ್ಟು ದುಡ್ಡು ಯಾಕೆ ಸುರಿದರು? ಕೋಟೆ ಕಾಣೋದು ನಾಲ್ಕು ಸೆಕೆಂಡು. ಅಂಗಿಯ ಕೊರಳಪಟ್ಟಿ ಮಾತು ಮುಗಿಯೋವರೆಗೂ ಮುಖದ ಕೆಳಗೇ ಇರುತ್ತೆ, ಅದರ ಮೇಲೆ ಅಳೆದಿಟ್ಟಂತೆ ಯಂತ್ರದ ಹೊಲಿಗೆ. ಒಳಹೊಲಿಗೆ ಯಂತ್ರದಲ್ಲೇ ಹಾಕಿ, ಯಾರು ಬೇಡ ಅಂದರು. ಕ್ಯಾಮೆರಾಗೆ ಕಾಣುವ ಅಂಚು, ಕಾಜಾ, ಕೊರಳು ಇಷ್ಟನ್ನು ಕೈಯಲ್ಲಿ ಹೊಲಿದರೆ ಸಾಕು.

ನಿಜ ಹೇಳ್ತೀನಿ, ಜರಿ ಕಂಡರೆ ನಾನೂ ಬಾಯಿ ಬಿಡ್ತೀನಿ. ಆದರೆ ರಾಣಿಯ ಜರಿ ಮಿನುಗಬೇಕಾದರೆ ದಾಸಿಯ ಬಟ್ಟೆ ಮಾಸಿರಬೇಕಲ್ವಾ? ಇಲ್ಲಿ ಎಲ್ಲರೂ ಮಿನುಗ್ತಾರೆ. ಕಿರೀಟ ಎಣಿಸಿ ರಾಣಿ ಯಾರು ಅಂತ ಪತ್ತೆಹಚ್ಚಬೇಕು.

ಟ್ರೇಲರ್ ಕೊನೆಗೆ ಆ ದೂತ ಬಾಣ ತಗುಲಿ ಕೆಸರಿಗೆ ಬೀಳ್ತಾನೆ. ಮುಂದಿನ ಶಾಟ್‌ನಲ್ಲಿ ಎದ್ದಾಗ ಬೆನ್ನಲ್ಲಿ ಕೆಸರಿಲ್ಲ. ಇಸ್ತ್ರಿ ಗೆರೆ ಇದೆ.